ಬಳ್ಳಾರಿಯಲ್ಲಿ ಸರ್ಕಾರಿ ವಕೀಲರಾಗಿ ರಾಜಕೀಯ ಕೇಸು ನಡೆಸುವುದು ಹೇಗೆ
ಪಬ್ಲಿಕ್ ಪ್ರಾಸಿಕ್ಯೂಟರ್ (ಕ್ರಿಮಿನಲ್ ಕೇಸಿನಲ್ಲಿ ಸರ್ಕಾರದ ಪರ ವಾದಿಸುವ ವಕೀಲ) ಆಗಲು ಕನಿಷ್ಠ 7 ವರ್ಷ ವಕೀಲಿಕೆ ಮಾಡಿರಬೇಕು. ಆ ವರ್ಷಗಳಲ್ಲಿ ಕಾಗದ ಓದುವುದನ್ನು ಕಲಿಯಿರಿ. ನಮ್ಮ ಬಳ್ಳಾರಿಯ ಗಣಿ ಕೇಸುಗಳಂಥವುಗಳಲ್ಲಿ ಅದಿರಿನ ಪರ್ಮಿಟ್, ಲಾರಿ ತೂಕದ ಚೀಟಿ, ಬ್ಯಾಂಕ್ ಲೆಕ್ಕವೇ ಮಾತಾಡುವುದು, ಭಾಷಣ ಅಲ್ಲ.

ನಿಜವಾದ ಕಷ್ಟ ಶುರುವಾಗುವುದು ಸರ್ಕಾರ ಬದಲಾದಾಗ, ಕೇಸು ವಾಪಸ್ ತೆಗೆಯಿರಿ ಅಂತ ಆದೇಶ ಬಂದಾಗ. ಸುಮ್ನೆ ಸಹಿ ಹಾಕಬೇಡಿ! ಕ್ರಿಮಿನಲ್ ಕೇಸು ನಡೆಸುವ ವಿಧಾನ ಹೇಳುವ ಈಗಿನ ಕಾನೂನಾದ ಬಿಎನ್‌ಎಸ್‌ಎಸ್‌ನ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) 360ನೇ ಕಲಂ, ಅಂದರೆ ಹಳೆಯ ಸಿಆರ್‌ಪಿಸಿ 321, ಪ್ರಕಾರ ಅರ್ಜಿ ಹಾಕುವವರು ನೀವು, ಒಪ್ಪಿಗೆ ಕೊಡುವುದು ಕೋರ್ಟು. ಹಾಗಾಗಿ ಇಡೀ ಫೈಲ್ ಓದಿ ನೀವೇ ತೀರ್ಮಾನಿಸಬೇಕು. ಹಾಲಿ ಅಥವಾ ಮಾಜಿ ಶಾಸಕ, ಸಂಸದರ ಕೇಸಾದರೆ 2021ರ ಸುಪ್ರೀಂ ಕೋರ್ಟ್ ಆದೇಶದಂತೆ ಹೈಕೋರ್ಟ್ ಅನುಮತಿಯೂ ಬೇಕು.

ಯಾರಾದರೂ ಫೋನಿನಲ್ಲಿ ಒತ್ತಡ ಹಾಕಿದರೆ 'ಬರೆದು ಕಳಿಸಿ ಸರ್' ಅನ್ನಿ. ನಿಮ್ಮ ಅಭಿಪ್ರಾಯವನ್ನೂ ಕಾರಣ ಸಮೇತ ಫೈಲಿಗೆ ಸೇರಿಸಿ.