ಕೂಲೆಂಟ್ ಸೆನ್ಸರ್ ಸುಳ್ಳು ಹೇಳುತ್ತಿತ್ತು: ನಾನು ಪತ್ತೆ ಹಚ್ಚಿದ್ದು, ಬದಲಿಸಿದ್ದು ಹೀಗೆ

ಎಂಜಿನ್ ಎಷ್ಟು ಬಿಸಿಯಾಗಿದೆ ಎಂದು ಕಾರಿನ ಕಂಪ್ಯೂಟರಿಗೆ, ಅಂದರೆ ಇಸಿಯುಗೆ, ಹೇಳುವುದು ಎಂಜಿನ್ ತಂಪಾಗಿಡುವ ದ್ರವದ, ಅಂದರೆ ಕೂಲೆಂಟಿನ, ಬಿಸಿ ಅಳೆಯುವ ಹೆಬ್ಬೆರಳು ಗಾತ್ರದ ಒಂದು ಸೆನ್ಸರ್. ಅದರ ವೈರು ಕಡಿದರೆ ಅಥವಾ ಅದು ಪೂರ್ತಿ ಸತ್ತೇ ಹೋದರೆ ಅಷ್ಟು ತೊಂದರೆ ಇಲ್ಲ. ಚೆಕ್ ಎಂಜಿನ್ ದೀಪ ಹತ್ತುತ್ತದೆ, ಹೆಚ್ಚಿನ ಕಾರುಗಳಲ್ಲಿ ಫ್ಯಾನು ತಾನಾಗಿಯೇ ಓಡಲು ಶುರುವಾಗುತ್ತದೆ, ಏನೋ ಕೆಟ್ಟಿದೆ ಎಂದು ತಕ್ಷಣ ಗೊತ್ತಾಗುತ್ತದೆ. ಅರ್ಧಂಬರ್ಧ ಕೆಟ್ಟು ತಪ್ಪು ಲೆಕ್ಕ ಕೊಡುತ್ತಾ ಕೂತರೆ ಮಾತ್ರ ಕಷ್ಟ. ನನ್ನ ಕಾರಿನಲ್ಲಿ ಆಗಿದ್ದು ಇದೇ.

ನಾನಿರುವುದು ಆಲ್ದೂರಿನ ಕಡೆ. ಕಾಫಿ ಕೊಯ್ಲು ನಡೆಯುವಾಗ ಚಿಕ್ಕಮಗಳೂರಿಗೆ ಓಡಾಟ ಜಾಸ್ತಿ. ಹಳೆಯ ಪೆಟ್ರೋಲ್ ಕಾರು. ಬೆಳಿಗ್ಗೆ ಚಳಿಯಲ್ಲಿ ಒಂದೇ ಸಲಕ್ಕೆ ಸ್ಟಾರ್ಟ್ ಆಗುತ್ತಿತ್ತು. ಆದರೆ ಪೇಟೆಯಲ್ಲಿ ನಿಲ್ಲಿಸಿ, ಅಂಗಡಿ ಕೆಲಸ ಮುಗಿಸಿ ಬಂದು ಕೀ ತಿರುಗಿಸಿದರೆ ಗರಗರ ತಿರುಗುತ್ತಿತ್ತೇ ಹೊರತು ಹತ್ತುತ್ತಿರಲಿಲ್ಲ. ಹತ್ತಿದಾಗ ಪೆಟ್ರೋಲ್ ವಾಸನೆ, ಹಿಂದೆ ಕಪ್ಪು ಹೊಗೆ. ಮೈಲೇಜ್ ಇಳಿದಿತ್ತು. ಸ್ಪಾರ್ಕ್ ಪ್ಲಗ್ ಬಿಚ್ಚಿ ನೋಡಿದೆ, ತುದಿಗೆಲ್ಲ ಒಣ ಮಸಿ ಕೂತಿತ್ತು. ಇಸಿಯು ಬೇಕಾದ್ದಕ್ಕಿಂತ ಹೆಚ್ಚು ಪೆಟ್ರೋಲ್ ಸುರಿಯುತ್ತಿದೆ ಎಂಬುದಕ್ಕೆ ಇಷ್ಟು ಸಾಕ್ಷಿ ಸಾಕು.

ಯಾಕೆ ಸುರಿಯುತ್ತದೆ? ತಣ್ಣಗಿನ ಎಂಜಿನ್‌ನಲ್ಲಿ ಪೆಟ್ರೋಲ್ ಸರಿಯಾಗಿ ಆವಿಯಾಗುವುದಿಲ್ಲ, ಒಳಗಿನ ಗೋಡೆಗೆ ಅಂಟಿಕೊಳ್ಳುತ್ತದೆ. ಅದಕ್ಕೇ ಚಳಿಯಲ್ಲಿ ಇಸಿಯು ಪೆಟ್ರೋಲ್ ಜಾಸ್ತಿ ಕೊಡುತ್ತದೆ, ಬಿಸಿಯಾದಂತೆ ಕಡಿಮೆ ಮಾಡುತ್ತದೆ. ಬಿಸಿ ಎಂಜಿನ್ನನ್ನು ತಣ್ಣಗಿದೆ ಎಂದು ಸೆನ್ಸರ್ ಹೇಳಿದರೆ ಇಸಿಯು ಅದನ್ನೇ ನಂಬಿ ಸುರಿಯುತ್ತದೆ.

ಪೆಟ್ರೋಲ್ ಹಾಳಾಗುವುದು ಚಿಕ್ಕ ನಷ್ಟ. ನನ್ನನ್ನು ಹೆದರಿಸಿದ್ದು ಫ್ಯಾನು. ಈಗಿನ ಬಹಳಷ್ಟು ಕಾರುಗಳಲ್ಲಿ ರೇಡಿಯೇಟರ್ ಫ್ಯಾನನ್ನು ಓಡಿಸುವುದೂ ಇದೇ ಸೆನ್ಸರಿನ ಮಾತು ಕೇಳಿ. ಎಷ್ಟೋ ಕಾರುಗಳಲ್ಲಿ ಮೀಟರಿನ ಮುಳ್ಳು ಏಳುವುದೂ ಇದರಿಂದಲೇ. ಸೆನ್ಸರ್ 30 ಡಿಗ್ರಿ ಕಡಿಮೆ ತೋರಿಸಿದರೆ ಫ್ಯಾನು ಬರಬೇಕಾದಾಗ ಬರುವುದಿಲ್ಲ, ಮುಳ್ಳೂ ಆರಾಮಾಗಿ ಮಲಗಿರುತ್ತದೆ. ಬಯಲು ಸೀಮೆಯ ನೇರ ರಸ್ತೆಯಲ್ಲಿ ಎದುರು ಗಾಳಿ ರೇಡಿಯೇಟರನ್ನು ಕಾಪಾಡುತ್ತದೆ. ನಮ್ಮದು ಘಾಟಿ ಊರು. ಕೈಮರ ದಾಟಿ ಮುಳ್ಳಯ್ಯನಗಿರಿ ಕಡೆ ಫಸ್ಟ್ ಗೇರಿನಲ್ಲಿ ಹತ್ತುವಾಗ, ಅದರಲ್ಲೂ ಭಾನುವಾರ ವಾಹನಗಳ ಸಾಲಿನಲ್ಲಿ ನಿಂತು ನಿಂತು ಹೋಗುವಾಗ, ಎದುರು ಗಾಳಿ ಎಲ್ಲಿಂದ ಬರಬೇಕು? ಫ್ಯಾನೇ ಗತಿ. ಅಲ್ಲಿ ಎಂಜಿನ್ ಅತಿಯಾಗಿ ಕಾದು ಹೆಡ್ ಗ್ಯಾಸ್ಕೆಟ್, ಅಂದರೆ ಎಂಜಿನ್ನಿನ ಎರಡು ಭಾಗಗಳ ನಡುವಿನ ಸೀಲು, ಹೋದರೆ ಖರ್ಚು ಸಾವಿರಗಳಲ್ಲಿ. ಸೆನ್ಸರಿಗೆ ಆಗುವುದು ನೂರುಗಳಲ್ಲಿ.

ಪರಿಚಯದ ಒಂದು ಗ್ಯಾರೇಜಿನಲ್ಲಿ ಸ್ಕ್ಯಾನರ್ ಹಾಕಿಸಿದೆ. ಬಂದ ಕೋಡ್ ಪಿ0128. ಎಂಜಿನ್ ಇಷ್ಟು ಹೊತ್ತಿಗೆ ಇಷ್ಟು ಬಿಸಿ ಆಗಬೇಕಿತ್ತು, ಆಗಿಲ್ಲ ಎಂದು ಅದರ ಅರ್ಥ.

“ಸಾರ್, ಥರ್ಮೋಸ್ಟ್ಯಾಟ್ ತೆರೆದುಕೊಂಡೇ ಕೂತಿದೆ. ಅದನ್ನ ಬದಲಾಯಿಸಿಬಿಡೋಣ” ಎಂದರು ಗ್ಯಾರೇಜಿನ ಅಣ್ಣ. ಥರ್ಮೋಸ್ಟ್ಯಾಟ್ ಎಂದರೆ ಎಂಜಿನ್ ಬಿಸಿಯಾಗುವವರೆಗೆ ಕೂಲೆಂಟನ್ನು ರೇಡಿಯೇಟರಿಗೆ ಬಿಡದೆ ತಡೆಯುವ ಬಾಗಿಲು.

ಅವರ ಮಾತು ತಳಬುಡ ಇಲ್ಲದ್ದೇನೂ ಅಲ್ಲ. ಈ ಕೋಡಿಗೆ ಹೆಚ್ಚಿನ ಸಲ ಅದೇ ಕಾರಣ. ಆದರೆ ನನಗೆ ಒಂದು ವಿಷಯ ಹೊಂದುತ್ತಿರಲಿಲ್ಲ. ಹೀಟರ್ ಹಾಕಿದರೆ ಕೈ ಸುಡುವಷ್ಟು ಬಿಸಿ ಗಾಳಿ ಬರುತ್ತಿತ್ತು. ಥರ್ಮೋಸ್ಟ್ಯಾಟ್ ತೆರೆದೇ ಇದ್ದರೆ ಡಿಸೆಂಬರ್ ಚಳಿಯಲ್ಲಿ ಹೀಟರ್ ಬರೀ ಬೆಚ್ಚಗಿರಬೇಕಿತ್ತು, ಅಲ್ವಾ? “ಎರಡು ದಿನ ಬಿಟ್ಟು ಬರ್ತೀನಿ ಅಣ್ಣ” ಎಂದು ಹೇಳಿ ಕಾರು ಮನೆಗೆ ತಂದೆ.

ಪರೀಕ್ಷೆಗೆ ಬೇಕಾದದ್ದು ಜಾಸ್ತಿ ಏನಿಲ್ಲ. ಸ್ಟೀರಿಂಗ್ ಕೆಳಗಿನ ಓಬಿಡಿ ಸಾಕೆಟ್ಟಿಗೆ, ಅಂದರೆ ಇಸಿಯು ಜೊತೆ ಮಾತಾಡುವ ಕಿಂಡಿಗೆ, ಚುಚ್ಚುವ ಒಂದು ಬ್ಲೂಟೂತ್ ಅಡಾಪ್ಟರ್, ಫೋನಿನಲ್ಲಿ ಅದರ ಆ್ಯಪ್, ಒಂದು ಮಲ್ಟಿಮೀಟರ್. ಕೋಡ್ ಓದಿ ನಿಲ್ಲಿಸಬೇಡಿ. ಲೈವ್ ಡೇಟಾ ಎಂಬ ಕಡೆ ಹೋಗಿ. ನಿಜವಾದ ಕಥೆ ಇರುವುದು ಅಲ್ಲಿ.

ಎಲ್ಲಕ್ಕಿಂತ ಒಳ್ಳೆಯ ಪರೀಕ್ಷೆ ಬೆಳಗಿನ ಪರೀಕ್ಷೆ. ದುಡ್ಡು ಖರ್ಚಿಲ್ಲ, ಕೈ ಕೊಳೆ ಆಗುವುದಿಲ್ಲ. ರಾತ್ರಿಯಿಡೀ ಶೆಡ್ಡಿನಲ್ಲಿ ನಿಂತ ಕಾರಿನಲ್ಲಿ ಎಂಜಿನ್, ಕೂಲೆಂಟ್, ಒಳಗೆ ಎಳೆದುಕೊಳ್ಳುವ ಗಾಳಿ ಎಲ್ಲವೂ ಒಂದೇ ಬಿಸಿಯಲ್ಲಿರುತ್ತವೆ. ಸ್ಟಾರ್ಟ್ ಮಾಡಬೇಡಿ. ಕೀ ಆನ್ ಮಾಡಿ ಕೂಲೆಂಟ್ ಬಿಸಿ ಎಷ್ಟು, ಇನ್‌ಟೇಕ್ ಗಾಳಿಯ ಬಿಸಿ ಎಷ್ಟು ಎಂದು ನೋಡಿ. ಒಂದೆರಡು ಡಿಗ್ರಿ ಹೆಚ್ಚುಕಮ್ಮಿ ಇದ್ದರೆ ಸರಿ. ನನ್ನ ಕಾರಿನಲ್ಲಿ ಗಾಳಿ 17 ತೋರಿಸಿತು, ಕೂಲೆಂಟ್ 6. ಶೆಡ್ಡಿನ ಗೋಡೆಯ ಥರ್ಮಾಮೀಟರ್ ಗಾಳಿಯ ಪರವಾಗಿತ್ತು. ನಮ್ಮ ಕಡೆ ಎಷ್ಟೇ ಚಳಿ ಎಂದರೂ ಶೆಡ್ಡಿನ ಒಳಗೆ 6 ಡಿಗ್ರಿ ಸಾಧ್ಯವೇ ಇಲ್ಲ.

ಥರ್ಮೋಸ್ಟ್ಯಾಟ್ ಮೇಲಿನ ಅನುಮಾನ ಬಿಟ್ಟುಹೋಗಿದ್ದು ಇಲ್ಲೇ. ಥರ್ಮೋಸ್ಟ್ಯಾಟ್ ಕೆಟ್ಟಿದ್ದರೆ ಬೆಳಿಗ್ಗೆಯ ಎರಡೂ ಲೆಕ್ಕ ಒಂದೇ ಇರಬೇಕಿತ್ತು. ನಿಂತ ಎಂಜಿನ್‌ನಲ್ಲಿ ಅದಕ್ಕೆ ಕೆಲಸವೇ ಇಲ್ಲ.

ಆಮೇಲೆ ಎಂಜಿನ್ ಓಡಿಸಿ ನೋಡಿದೆ. ಮೇಲಿನ ರೇಡಿಯೇಟರ್ ಹೋಸ್ ಮೊದಲು ತಣ್ಣಗೇ ಇತ್ತು. ಸ್ವಲ್ಪ ಹೊತ್ತಾದ ಮೇಲೆ ಒಮ್ಮೆಲೇ ಬಿಸಿ ಏರಿತು. ಥರ್ಮೋಸ್ಟ್ಯಾಟ್ ಮುಚ್ಚಿದ್ದು, ಸಮಯಕ್ಕೆ ತೆರೆಯಿತು ಎಂದರ್ಥ. ಸಾಮಾನ್ಯವಾಗಿ ಅದು ತೆರೆಯುವುದು 82ರಿಂದ 88 ಡಿಗ್ರಿಯ ಆಸುಪಾಸಿನಲ್ಲಿ. ಆ ಹೊತ್ತಿಗೆ ಆ್ಯಪ್ ತೋರಿಸುತ್ತಿದ್ದದ್ದು 60ರ ಚಿಲ್ಲರೆ. ಇನ್‌ಫ್ರಾರೆಡ್ ಥರ್ಮಾಮೀಟರ್ ಇದ್ದವರು ಅದನ್ನೂ ಹಿಡಿದು ನೋಡಬಹುದು. ಜ್ವರ ನೋಡುವ ಗನ್ ಅಲ್ಲ, ವರ್ಕ್‌ಶಾಪಿನಲ್ಲಿ ಬಳಸುವಂಥದ್ದು. ಹೊಳೆಯುವ ಅಲ್ಯೂಮಿನಿಯಂ ಮೇಲೆ ಹಿಡಿದರೆ ಕಡಿಮೆ ತೋರಿಸುತ್ತದೆ. ಅಲ್ಲಿ ಒಂದು ತುಂಡು ಕಪ್ಪು ಟೇಪ್ ಅಂಟಿಸಿ ಅದರ ಮೇಲೆ ಹಿಡಿಯಿರಿ.

ಇಷ್ಟಾದರೂ ಸೆನ್ಸರೇ ಕಳ್ಳ ಎಂದು ತೀರ್ಮಾನ ಮಾಡುವ ಹಾಗಿಲ್ಲ. ವೈರು, ಕನೆಕ್ಟರ್ ಕೂಡ ಇದೇ ಆಟ ಆಡುತ್ತವೆ. ಮಲೆನಾಡಿನ ಮಳೆಗಾಲ ಕಳೆದ ಕಾರುಗಳಲ್ಲಂತೂ ಪಿನ್ನುಗಳ ಮೇಲೆ ಹಸಿರು ಕಿಲುಬು ಸಾಮಾನ್ಯ.

ಇದನ್ನು ಬಿಡಿಸಿಕೊಳ್ಳಲು ಸೆನ್ಸರ್ ಕೆಲಸ ಮಾಡುವ ರೀತಿ ಗೊತ್ತಿರಬೇಕು. ಅದರೊಳಗಿರುವುದು ಎನ್‌ಟಿಸಿ ಥರ್ಮಿಸ್ಟರ್. ತಣ್ಣಗಿದ್ದಾಗ ರೆಸಿಸ್ಟೆನ್ಸ್ ಜಾಸ್ತಿ, ಬಿಸಿಯಾದಂತೆ ಕಡಿಮೆ. ಕಾರುಗಳಲ್ಲಿ ಹೆಚ್ಚಾಗಿ ಬರುವ ಒಂದು ಬಗೆಯಲ್ಲಿ 20 ಡಿಗ್ರಿಗೆ ಸುಮಾರು 2500 ಓಮ್, 40ಕ್ಕೆ 1200ರ ಹತ್ತಿರ, 80ಕ್ಕೆ 320ರ ಆಸುಪಾಸು, 100ಕ್ಕೆ 190ರ ಹತ್ತಿರ. ನಿಮ್ಮ ಕಾರಿನ ಸರಿಯಾದ ಅಂಕಿಗೆ ಅದರ ಸರ್ವಿಸ್ ಮ್ಯಾನ್ಯುಯಲ್ ನೋಡಲೇಬೇಕು.

ಈಗ ಗಮನಿಸಿ. ಕಿಲುಬಿನಿಂದ 100 ಓಮ್ ಹೆಚ್ಚುವರಿ ಸೇರಿತು ಎಂದುಕೊಳ್ಳಿ. ಬೆಳಿಗ್ಗೆ 2500ಕ್ಕೆ 100 ಸೇರಿದರೆ ಒಂದು ಡಿಗ್ರಿಯಷ್ಟೂ ವ್ಯತ್ಯಾಸ ಬರುವುದಿಲ್ಲ. ಅದೇ 100 ಓಮ್ ಎಂಜಿನ್ ಬಿಸಿಯಾದಾಗಿನ 320ಕ್ಕೆ ಸೇರಿದರೆ ಲೆಕ್ಕ ಹತ್ತು ಡಿಗ್ರಿ ಕೆಳಗೆ ಹೋಗುತ್ತದೆ. ಅಂದರೆ ಬೆಳಿಗ್ಗೆ ಸರಿ ಇದ್ದು, ಬಿಸಿಯಾದಾಗ ಮಾತ್ರ ಕಡಿಮೆ ತೋರಿಸಿದರೆ ಮೊದಲು ಕನೆಕ್ಟರ್ ನೋಡಿ. ಬೆಳಿಗ್ಗೆಯೇ ಹನ್ನೊಂದು ಡಿಗ್ರಿ ತಪ್ಪಿದ್ದರೆ ಬೆರಳು ತೋರಿಸಬೇಕಾದ್ದು ಸೆನ್ಸರಿನ ಕಡೆಗೆ. ಅಷ್ಟೊಂದು ಓಮ್ ಕಿಲುಬಿನಿಂದ ಬಂದಿದ್ದರೆ ಬಿಸಿ ಎಂಜಿನ್ 60 ಕೂಡ ತೋರಿಸುತ್ತಿರಲಿಲ್ಲ, 30ರ ಹತ್ತಿರವೇ ನಿಲ್ಲುತ್ತಿತ್ತು. ನನಗೆ ಈ ಲೆಕ್ಕ ತುಂಬಾ ಇಷ್ಟ. ಒಂದು ಬೋಲ್ಟೂ ಬಿಚ್ಚದೆ ಕೂತಲ್ಲೇ ಇಷ್ಟು ಗೊತ್ತಾಗುತ್ತದೆ.

ಖಾತ್ರಿಗೆ ಕನೆಕ್ಟರ್ ಎಳೆದು ಕೀ ಆನ್ ಮಾಡಿದೆ. ಆ್ಯಪ್ ಮೈನಸ್ 40ಕ್ಕೆ ಬಿತ್ತು. ವೈರಿಂಗ್ ಕಡೆಯ ಎರಡು ಪಿನ್ನುಗಳನ್ನು ಒಂದು ತುಂಡು ವೈರಿನಿಂದ ಸೇರಿಸಿದೆ. ನೂರಮೂವತ್ತರ ಮೇಲೆ ಹಾರಿತು. ಅಂಕಿ ಹೀಗೆ ಎರಡೂ ಕೊನೆ ಮುಟ್ಟಿದರೆ ವೈರು ಕಡಿದಿಲ್ಲ, ಇಸಿಯು ಓದುತ್ತಿದೆ. ಎರಡು ವೈರಿನ ಸೆನ್ಸರ್ ಆದರೆ ಮಾತ್ರ ಹೀಗೆ ಮಾಡಿ. ಇಸಿಯು ಅಲ್ಲಿಗೆ ಕೊಡುವುದು 5 ವೋಲ್ಟ್, ಅದೂ ಒಂದು ರೆಸಿಸ್ಟರ್ ಮೂಲಕ, ಹಾಗಾಗಿ ಸೇರಿಸಿದರೆ ಏನೂ ಸುಡುವುದಿಲ್ಲ. ಮೂರು ಪಿನ್ ಇದ್ದರೆ ಯಾವುದು ಯಾವುದಕ್ಕೆ ಎಂದು ಗೊತ್ತಿಲ್ಲದೆ ಮುಟ್ಟಬೇಡಿ.

ಇನ್ನೊಂದು ಹೆಜ್ಜೆ ಹೆಚ್ಚಿನವರು ಮಾಡುವುದಿಲ್ಲ. ರೇಡಿಯೋ ರಿಪೇರಿ ಅಂಗಡಿಯಲ್ಲಿ ಸಿಗುವ 330 ಓಮ್ ರೆಸಿಸ್ಟರ್, ಕಿತ್ತಳೆ, ಕಿತ್ತಳೆ, ಕಂದು ಪಟ್ಟೆಯದ್ದು, ಅದರ ಕಾಲುಗಳನ್ನು ಕನೆಕ್ಟರಿಗೆ ಚುಚ್ಚಿದೆ. ಆ್ಯಪ್ 79 ತೋರಿಸಿತು. ನನ್ನ ಕಾರಿನ ಪಟ್ಟಿಯ ಪ್ರಕಾರ ಅಲ್ಲಿ ಅಷ್ಟೇ ಇರಬೇಕು. ವೈರಿಂಗ್ ಖುಲಾಸೆ. ಸೆನ್ಸರಿನ ಎರಡು ಪಿನ್ನಿಗೆ ಮೀಟರ್ ಹಿಡಿದರೆ, 17 ಡಿಗ್ರಿಗೆ 2800ರ ಹತ್ತಿರ ಇರಬೇಕಾದದ್ದು 4300 ದಾಟಿತ್ತು.

ಹೊಸ ಸೆನ್ಸರನ್ನು ಹಳೆಯದರ ಪಾರ್ಟ್ ನಂಬರ್ ನೋಡಿಯೇ ತನ್ನಿ. ಚೂಡಿ, ಅಂದರೆ ತಿರುಗಿಸಿ ಕೂರಿಸುವ ಥ್ರೆಡ್ಡು, ಒಂದೇ ಇದ್ದು ಒಳಗಿನ ಓಮ್ ಬೇರೆ ಇರುವ ಸೆನ್ಸರುಗಳಿವೆ. ಕೂರುತ್ತದೆ, ಆದರೆ ಮತ್ತೆ ಸುಳ್ಳೇ ಹೇಳುತ್ತದೆ. ಹಳೆಯ ಕೆಲವು ಕಾರುಗಳಲ್ಲಿ ಎರಡು ಸೆನ್ಸರ್ ಇರುತ್ತವೆ: ಒಂದು ವೈರಿನದ್ದು ಮೀಟರಿಗೆ, ಎರಡು ವೈರಿನದ್ದು ಇಸಿಯುಗೆ. ಯಾವುದು ಬೇಕು ಎಂದು ನೋಡಿಕೊಂಡು ಕೇಳಿ.

ತಂದದ್ದನ್ನು ಹಾಕುವ ಮೊದಲು ಅಡುಗೆಮನೆಯಲ್ಲಿ ಪರೀಕ್ಷೆ ಮಾಡಿದೆ. ಹಳೆಯ ಪಾತ್ರೆಯಲ್ಲಿ ನೀರು, ಸೆನ್ಸರಿನ ತುದಿ ಮಾತ್ರ ಮುಳುಗುವಂತೆ ತಂತಿಯಲ್ಲಿ ಕಟ್ಟಿ ಇಳಿಬಿಟ್ಟೆ, ಪಕ್ಕದಲ್ಲಿ ಥರ್ಮಾಮೀಟರ್. ಎರಡೂ ಪಾತ್ರೆಯ ತಳ ಮುಟ್ಟಬಾರದು. ನಮ್ಮ ಊರಿನವರು ಇಲ್ಲಿ ಒಂದು ವಿಷಯ ನೆನಪಿಡಬೇಕು. ಚಿಕ್ಕಮಗಳೂರು ಇರುವುದು ಸಮುದ್ರಮಟ್ಟಕ್ಕಿಂತ ಸುಮಾರು 1090 ಮೀಟರ್ ಎತ್ತರದಲ್ಲಿ. ಇಲ್ಲಿ ನೀರು 100ಕ್ಕೆ ಕುದಿಯುವುದಿಲ್ಲ, 96–97ಕ್ಕೇ ಕುದಿಯುತ್ತದೆ. ಕುದಿಯುವ ನೀರೆಂದರೆ 100 ಎಂದು ಹಿಡಿದು ಓಮ್ ಹೋಲಿಸಿದರೆ ಒಳ್ಳೆಯ ಸೆನ್ಸರನ್ನೂ ಅಂಗಡಿಗೆ ವಾಪಸ್ ಒಯ್ಯಬೇಕಾಗುತ್ತದೆ. ನನ್ನದು ಕುದಿಯುವ ನೀರಿನಲ್ಲಿ 205 ತೋರಿಸಿತು. ಸರಿಯಾಗಿತ್ತು.

ಬದಲಿಸುವ ಕೆಲಸ ಬೆಳಿಗ್ಗೆ, ಎಂಜಿನ್ ಪೂರ್ತಿ ತಣ್ಣಗಿದ್ದಾಗ. ಬಿಸಿ ಇದ್ದಾಗ ರೇಡಿಯೇಟರ್ ಮುಚ್ಚಳ ತೆಗೆಯುವುದು ಬೇಡವೇ ಬೇಡ. ಒತ್ತಡದಲ್ಲಿರುವ ಕೂಲೆಂಟ್ 100 ಡಿಗ್ರಿ ದಾಟಿದರೂ ಕುದಿಯದೆ ಕೂತಿರುತ್ತದೆ, ಮುಚ್ಚಳ ತೆಗೆದ ಕ್ಷಣ ಮುಖಕ್ಕೆ ಚಿಮ್ಮುತ್ತದೆ. ಬ್ಯಾಟರಿಯ ನೆಗೆಟಿವ್ ಬಿಚ್ಚಿದೆ. ಕೆಳಗೆ ಅಗಲವಾದ ಟ್ರೇ ಇಟ್ಟು ಒಂದು ಲೀಟರಿನಷ್ಟು ಕೂಲೆಂಟ್ ಇಳಿಸಿದೆ. ಸೆನ್ಸರ್ ಇರುವ ಮಟ್ಟಕ್ಕಿಂತ ಕೆಳಗೆ ಬಂದರೆ ಸಾಕು.

ನನ್ನ ಕಾರಿನಲ್ಲಿ ಅದು ಥರ್ಮೋಸ್ಟ್ಯಾಟ್ ಹೌಸಿಂಗ್ ಪಕ್ಕದಲ್ಲಿದೆ. ಕನೆಕ್ಟರಿನ ಕ್ಲಿಪ್ ವರ್ಷಗಟ್ಟಲೆ ಬಿಸಿ ತಿಂದು ಒಣಗಿ ಹಪ್ಪಳದಂತಾಗಿತ್ತು. ವೈರು ಹಿಡಿದು ಎಳೆದರೆ ಮುರಿದೇ ಹೋಗುತ್ತದೆ. ಸಣ್ಣ ಸ್ಕ್ರೂ ಡ್ರೈವರಿನಿಂದ ನಾಲಿಗೆ ಎತ್ತಿ ಹಿಡಿದು, ಪ್ಲಾಸ್ಟಿಕ್ ಭಾಗ ಹಿಡಿದು ನಿಧಾನಕ್ಕೆ ಅಲುಗಿಸಿ ತೆಗೆದೆ. ಆಮೇಲೆ 19 ಎಂಎಂ ಉದ್ದ ಸಾಕೆಟ್ ಸ್ಪ್ಯಾನರ್ ಹಾಕಿ ಸೆನ್ಸರ್ ಬಿಚ್ಚಿದೆ. ಸಾಮಾನ್ಯ ಸ್ಪ್ಯಾನರ್ ಹಾಕಿದರೆ ಜಾರಿ ಹಿತ್ತಾಳೆಯ ಮೂಲೆ ಸವೆಯುತ್ತದೆ.

ಹೊರಬಂದ ಸೆನ್ಸರಿನ ತುದಿಗೆ ಬಿಳಿ ಸುಣ್ಣದ ಪದರ ಹಿಡಿದಿತ್ತು. ಹಿಂದೆ ಯಾರೋ ರೇಡಿಯೇಟರಿಗೆ ಬೋರ್‌ವೆಲ್ ನೀರು ಹುಯ್ದಿದ್ದರ ಗುರುತು. ಈ ಪದರ ಇದ್ದರೆ ಸೆನ್ಸರಿಗೆ ಬಿಸಿ ತಟ್ಟುವುದು ತಡವಾಗುತ್ತದೆ. ಆದರೆ ಬೆಳಗಿನ ತಪ್ಪಿಗೆ ಅದು ಕಾರಣ ಆಗಲಾರದು, ರಾತ್ರಿಯಿಡೀ ಎಲ್ಲವೂ ಒಂದೇ ಬಿಸಿಯಲ್ಲಿತ್ತಲ್ಲ. ಪದರ ಕೆರೆದು ಮತ್ತೆ ಅಳೆದೆ. ಓಮ್ ಬದಲಾಗಲಿಲ್ಲ. ಕೆಟ್ಟಿದ್ದು ಒಳಗೇ.

ಹೊಸದಕ್ಕೆ ಹೊಸ ವಾಷರ್ ಹಾಕಿ, ಮೊದಲ ಸುತ್ತುಗಳನ್ನು ಬರೀ ಬೆರಳಲ್ಲೇ ತಿರುಗಿಸಿದೆ. ಹೌಸಿಂಗ್ ಅಲ್ಯೂಮಿನಿಯಂ. ಅಡ್ಡ ಚೂಡಿ ಹತ್ತಿದರೆ ಹೌಸಿಂಗೇ ಬದಲಿಸಬೇಕು. ಕೊನೆಗೆ ಸಾಕೆಟ್ಟಿನಲ್ಲಿ ಹದವಾಗಿ ಬಿಗಿ, ಅಷ್ಟೇ. ವಾಷರ್ ಇರುವ ಸೆನ್ಸರಿಗೆ ಟೆಫ್ಲಾನ್ ಟೇಪ್ ಬೇಡ. ಒಂದು ವೈರಿನ ಸೆನ್ಸರಿಗಂತೂ ಸುತ್ತಲೇಬಾರದು. ಅದರ ಅರ್ಥಿಂಗ್ ಹೋಗುವುದೇ ಚೂಡಿಯ ಮೂಲಕ.

ಕೂಲೆಂಟ್ ತುಂಬಿದ ಮೇಲೆ ಗಾಳಿ ತೆಗೆಯುವುದನ್ನು ಬಿಟ್ಟರೆ ಮಾಡಿದ್ದೆಲ್ಲ ವ್ಯರ್ಥ. ಸೆನ್ಸರಿನ ಸುತ್ತ ಗಾಳಿಗುಳ್ಳೆ ನಿಂತರೆ ಹೊಸ ಸೆನ್ಸರೂ ತಪ್ಪೇ ಹೇಳುತ್ತದೆ. ಅರ್ಧ ಕೂಲೆಂಟ್, ಅರ್ಧ ಬ್ಯಾಟರಿಗೆ ಹಾಕುವ ಡಿಸ್ಟಿಲ್ಡ್ ವಾಟರ್. ಬೆರೆಸಿ ಮಾರುವ ಕೂಲೆಂಟ್ ಆದರೆ ನೀರು ಸೇರಿಸಬೇಡಿ. ತಣ್ಣಗಿರುವಾಗಲೇ ಮುಚ್ಚಳ ತೆಗೆದು ಎಂಜಿನ್ ಸ್ಟಾರ್ಟ್ ಮಾಡಿ, ಹೀಟರನ್ನು ಪೂರ್ತಿ ಬಿಸಿಗೆ ಇಟ್ಟೆ. ಮೇಲಿನ ಹೋಸನ್ನು ಬಟ್ಟೆ ಸುತ್ತಿದ ಕೈಯಲ್ಲಿ ಆಗಾಗ ಹಿಚುಕುತ್ತಿದ್ದರೆ ಗುಳ್ಳೆಗಳು ಬುಳುಬುಳು ಮೇಲೆ ಬರುತ್ತವೆ, ಮಟ್ಟ ಇಳಿಯುತ್ತದೆ, ತುಂಬಬೇಕು. ಗುಳ್ಳೆ ನಿಂತು ಥರ್ಮೋಸ್ಟ್ಯಾಟ್ ತೆರೆದ ಮೇಲೆ ಮುಚ್ಚಳ ಹಾಕಿ, ಫ್ಯಾನು ಒಮ್ಮೆ ಬಂದು ನಿಲ್ಲುವವರೆಗೆ ಓಡಿಸಿದೆ. ಆಮೇಲೆ ಕೋಡ್ ಅಳಿಸಿದೆ.

ಮರುದಿನ ಬೆಳಿಗ್ಗೆ ಕೀ ಆನ್ ಮಾಡಿದಾಗ ಗಾಳಿ 16, ಕೂಲೆಂಟ್ 16. ತಣ್ಣಗಿನ ಎಂಜಿನ್‌ನಲ್ಲಿ ಕೂಲೆಂಟ್ ಮಟ್ಟ ಮತ್ತೊಮ್ಮೆ ನೋಡಿ ಸ್ವಲ್ಪ ತುಂಬಿಸಿ, ಕೈಮರದ ಮೇಲೆ ಸೀತಾಳಯ್ಯನಗಿರಿವರೆಗೆ ಫೋನನ್ನು ಪಕ್ಕದ ಸೀಟಿನಲ್ಲಿ ಕೂತ ತಮ್ಮನ ಕೈಗೆ ಕೊಟ್ಟು ಹೋದೆ. ತಿರುವುಗಳಲ್ಲಿ ಅವನು ಅಂಕಿ ಓದುತ್ತಾ ಬಂದ. 97ಕ್ಕೆ ಫ್ಯಾನು ಹತ್ತಿತು, 92ಕ್ಕೆ ನಿಂತಿತು, ಮೇಲೆ ಮುಟ್ಟುವವರೆಗೂ ಅದೇ ಲೆಕ್ಕ. ಅಲ್ಲಿ ನಿಲ್ಲಿಸಿ ಮತ್ತೆ ಸ್ಟಾರ್ಟ್ ಮಾಡಿದರೆ ಒಂದೇ ಸಲಕ್ಕೆ ಹತ್ತಿತು, ಪೆಟ್ರೋಲ್ ವಾಸನೆ ಇಲ್ಲ.

ಗ್ಯಾರೇಜಿನ ಅಣ್ಣನಿಗೆ ಬೆಳಗಿನ ಪರೀಕ್ಷೆ ಹೇಳಿದೆ. ಈಗ ಅವರು ಈ ಕೋಡ್ ಬಂದ ಗಾಡಿಗಳನ್ನು ರಾತ್ರಿ ಅಲ್ಲೇ ನಿಲ್ಲಿಸಿಕೊಂಡು ಬೆಳಿಗ್ಗೆ ಎರಡೂ ಅಂಕಿ ನೋಡಿಯೇ ಕೈ ಹಾಕುತ್ತಾರೆ.

ಇಳಿಸಿದ ಹಳೆಯ ಕೂಲೆಂಟನ್ನು ಚರಂಡಿಗೋ ತೋಟಕ್ಕೋ ಚೆಲ್ಲಬೇಡಿ. ಅದರಲ್ಲಿರುವ ಎಥಿಲೀನ್ ಗ್ಲೈಕಾಲ್ ರುಚಿಗೆ ಸಿಹಿ, ಆದರೆ ವಿಷ. ನಾಯಿಗಳು ನೆಕ್ಕಿದರೆ ಸ್ವಲ್ಪವೇ ಆದರೂ ಕಿಡ್ನಿ ಹೋಗಿ ಸಾಯುತ್ತವೆ. ಟ್ರೇಯನ್ನು ಹಾಗೇ ಬಿಟ್ಟು ಕಾಫಿ ಕುಡಿಯಲು ಒಳಗೆ ಹೋಗುವುದೂ ಬೇಡ. ನಾನು ಕ್ಯಾನಿಗೆ ತುಂಬಿ, ಮುಚ್ಚಿ, ಮೇಲೆ ವಿಷ ಎಂದು ಬರೆದು, ಹಳೆ ಆಯಿಲ್ ಮತ್ತು ಕೂಲೆಂಟ್ ಸಂಗ್ರಹಿಸುವ ಗ್ಯಾರೇಜಿಗೆ ಕೊಟ್ಟೆ. ಶೆಡ್ಡಿನ ನೆಲದ ಮೇಲೆ ಬಿದ್ದದ್ದನ್ನು ಮರದ ಹೊಟ್ಟು ಹಾಕಿ ಹೀರಿಸಿ, ಆಮೇಲೆ ಬೇಕಾದಷ್ಟು ನೀರು ಹಾಕಿ ತೊಳೆದೆ.