ಅರ್ಧ ಪುಟದಲ್ಲಿ ಹೇಳಿ

ಧಾರವಾಡದಲ್ಲಿ ಅರ್ಥಶಾಸ್ತ್ರದ ಎಂ.ಎ. ಮುಗಿಸಿ, ಬೆಂಗಳೂರಿನ ನಾಗರಬಾವಿಯಲ್ಲಿರುವ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆ ಅಧ್ಯಯನ ಸಂಸ್ಥೆ ಐಸೆಕ್‌ನಲ್ಲಿ ಪಿಎಚ್‌.ಡಿ. ಮಾಡಿದ ಮೇಲೆ ರಾಜ್ಯದ ಹಣಕಾಸಿನ ವಿಷಯದಲ್ಲಿ ಸಲಹೆಗಾರನಾಗಿ ಸೇರಿದೆ. ಕೇಂದ್ರ ಸರ್ಕಾರದಲ್ಲಿ ಇಂಥ ಕೆಲಸ ಬೇಕೆಂದರೆ ಯುಪಿಎಸ್‌ಸಿ ನಡೆಸುವ ಭಾರತೀಯ ಆರ್ಥಿಕ ಸೇವೆಯ ಪರೀಕ್ಷೆ ಇನ್ನೊಂದು ದಾರಿ. ನಾನು ಬಂದದ್ದು ಗುತ್ತಿಗೆಯ ದಾರಿಯಲ್ಲಿ. ದೊಡ್ಡ ದೊಡ್ಡ ಮಾದರಿಗಳನ್ನು ಕಟ್ಟುವ ಹುಮ್ಮಸ್ಸಿತ್ತು. ಕೇಳಿದ್ದು ಮಾತ್ರ ಅರ್ಧ ಪುಟದ ಟಿಪ್ಪಣಿ. ಬಜೆಟ್ ತಯಾರಿಯ ದಿನಗಳಲ್ಲಿ ಹಾಳೆ ಮಗುಚಿ ಓದುವಷ್ಟು ಪುರುಸೊತ್ತು ಅಲ್ಲಿ ಯಾರಿಗೂ ಇರುವುದಿಲ್ಲ.

ನನ್ನನ್ನು ಹೆಚ್ಚು ದುಡಿಸಿದ್ದು ತೆರಿಗೆ ಪಾಲಿನ ಲೆಕ್ಕ. ರಾಜ್ಯಗಳಿಗೆ ಹಂಚುವ ಕೇಂದ್ರ ತೆರಿಗೆಯಲ್ಲಿ ಯಾರಿಗೆ ಎಷ್ಟು ಎಂದು ಶಿಫಾರಸು ಮಾಡುವುದು ಹಣಕಾಸು ಆಯೋಗ. 14ನೇ ಆಯೋಗ ಕರ್ನಾಟಕಕ್ಕೆ ಶೇ 4.713 ಕೊಟ್ಟಿತ್ತು; 15ನೇ ಆಯೋಗದಲ್ಲಿ ಅದು ಶೇ 3.647ಕ್ಕೆ ಇಳಿಯಿತು. ಐದರಲ್ಲಿ ಒಂದು ಪಾಲಿಗಿಂತ ಹೆಚ್ಚು ಖೋತಾ. 1971ರ ಜನಗಣತಿ ಬಿಟ್ಟು 2011ರದ್ದನ್ನು ಹಿಡಿದದ್ದೇ ಕಾರಣ ಎಂದು ಎಲ್ಲರೂ ಹೇಳುತ್ತಿದ್ದರು. ಸೂತ್ರವನ್ನು ಬಿಡಿಸಿ ನೋಡಿದರೆ ಕಥೆ ಬೇರೆ. ಶ್ರೀಮಂತ ರಾಜ್ಯಗಳಿಗಿಂತ ಎಷ್ಟು ಹಿಂದಿದ್ದೇವೆ ಎಂದು ಅಳೆಯುವ ‘ಆದಾಯ ಅಂತರ’ಕ್ಕೆ ಸೂತ್ರದಲ್ಲಿದ್ದ ತೂಕವನ್ನು 15ನೇ ಆಯೋಗ ನೂರರಲ್ಲಿ 50ರಿಂದ 45ಕ್ಕೆ ಇಳಿಸಿತ್ತು. ಆದರೂ ಅಲ್ಲೇ ನಮಗೆ ಪೆಟ್ಟು ಬಿದ್ದದ್ದು, ಏಕೆಂದರೆ ಅಷ್ಟರಲ್ಲಿ ರಾಜ್ಯದ ತಲಾದಾಯ ಏರಿತ್ತು. ಬೆಂಗಳೂರಿನ ಗಳಿಕೆ ಸರಾಸರಿಯಲ್ಲಿ ಸೇರಿದಾಗ ಯಾದಗಿರಿಯ ಕೂಲಿಕಾರನೂ ಕಾಗದದ ಮೇಲೆ ಉಳ್ಳವನಾಗುತ್ತಾನೆ.

ಹಿರಿಯ ಅಧಿಕಾರಿಯೊಬ್ಬರು ಟಿಪ್ಪಣಿ ಓದಿ, ಪೆನ್ಸಿಲ್‌ನಲ್ಲಿ ಒಂದು ಸುತ್ತು ಹಾಕಿ, “ಇದರಲ್ಲಿ ಅನ್ಯಾಯ ಎಂಬ ಪದವೇ ಇಲ್ಲವಲ್ಲ?” ಎಂದರು.

“ಬಿಹಾರಕ್ಕೆ ಹೆಚ್ಚು ಹೋಗುವುದನ್ನು ಅನ್ಯಾಯ ಎಂದು ಬರೆಯಲಾರೆ, ಸರ್. ಒಂದೇ ಏಟಿಗೆ ಇಷ್ಟು ಇಳಿಸಬಾರದು ಎಂದು ಬರೆಯಬಲ್ಲೆ.”

ಅವರು ನಕ್ಕರು, ಪದ ಸೇರಿಸಲಿಲ್ಲ. ಈ ವಾದಕ್ಕೆ ಆಧಾರವೂ ಇತ್ತು: ಈ ಇಳಿಕೆಯನ್ನು ತುಂಬಿಕೊಡಲೆಂದು 2020–21ಕ್ಕೆ ಕರ್ನಾಟಕಕ್ಕೆ 5,495 ಕೋಟಿ ರೂಪಾಯಿ ವಿಶೇಷ ಅನುದಾನವನ್ನು ಆಯೋಗವೇ ಶಿಫಾರಸು ಮಾಡಿತ್ತು. ಕೇಂದ್ರ ಅದನ್ನು ಒಪ್ಪಲಿಲ್ಲ, ಅದು ಬೇರೆ ಮಾತು.

ನನ್ನ ಹಟಕ್ಕೆ ಇನ್ನೊಂದು ಕಾರಣವಿದೆ. 2002ರಲ್ಲಿ, ಪ್ರಾದೇಶಿಕ ಅಸಮತೋಲನವನ್ನು ಅಧ್ಯಯನ ಮಾಡಿದ ನಂಜುಂಡಪ್ಪ ಸಮಿತಿ ರಾಜ್ಯದ 175 ತಾಲ್ಲೂಕುಗಳಲ್ಲಿ 114ನ್ನು ಹಿಂದುಳಿದವು ಎಂದು ಗುರುತಿಸಿತು. ದೆಹಲಿಯ ಮುಂದೆ ‘ಗಳಿಸಿದವನಿಗೇ ಹೆಚ್ಚು ಪಾಲು’ ಎಂದು ವಾದಿಸಿದರೆ, ನಾಳೆ ಅದೇ ವಾದವನ್ನು ಬೆಂಗಳೂರು ಕಲಬುರಗಿಯ ಮುಂದೆ ಇಡುತ್ತದೆ.

ಈ ಕೆಲಸಕ್ಕೆ ಏನು ಓದಬೇಕೆಂದು ಕಿರಿಯರು ಕೇಳುತ್ತಾರೆ. ಆರ್ಥಿಕ ಅಂಕಿ-ಅಂಶಗಳನ್ನು ವಿಶ್ಲೇಷಿಸುವ ಎಕನಾಮೆಟ್ರಿಕ್ಸ್ ಹೇಗೂ ಓದಿರುತ್ತಾರೆ. ಬಜೆಟ್ ಅಂದಾಜು, ಪರಿಷ್ಕೃತ ಅಂದಾಜು, ಸರ್ಕಾರದ ಲೆಕ್ಕ ಪರಿಶೋಧಿಸುವ ಸಿಎಜಿ ಕೊಡುವ ನಿಜವಾದ ಖರ್ಚಿನ ಲೆಕ್ಕ ಈ ಮೂರನ್ನೂ ಅಕ್ಕಪಕ್ಕ ಇಟ್ಟುಕೊಂಡು ಒಂದೇ ಇಲಾಖೆಯನ್ನು ಐದು ವರ್ಷ ಹಿಂದಕ್ಕೆ ನೋಡುತ್ತ ಹೋಗಲಿ. ಹಣ ಎಲ್ಲಿ ಘೋಷಣೆಯಾಗಿ ಎಲ್ಲಿ ಖರ್ಚಾಗದೆ ಉಳಿಯುತ್ತದೆ ಎಂಬುದು ಆ ಕೋಷ್ಟಕಗಳಲ್ಲಿ ಕಾಣುವಷ್ಟು ಸ್ಪಷ್ಟವಾಗಿ ಬಜೆಟ್ ಭಾಷಣದಲ್ಲಿ ಕಾಣುವುದಿಲ್ಲ.