ಹಡಗನ್ನು ಹಿಡೀಬೇಡಿ, ಫ್ರೇಮಿನ ಮೂಲೆ ಹಿಡಿಯಿರಿ

ಸಮುದ್ರದಲ್ಲಿ ತೆಗೆದ ಮೂಕಿ ಫಿಲ್ಮನ್ನು ಸರಿಯಾಗಿ ಸ್ಟೆಬಿಲೈಸ್ ಮಾಡೋಕೆ, ಅಂದರೆ ಅಲುಗಾಟ ತೆಗೆಯೋಕೆ, ಆಗಲ್ಲ ಅಂತ ನಮ್ಮ ಕಸುಬಿನವರೇ ಹೇಳುತ್ತಿದ್ದರು. ನಾನು ಮಾಡಿದೆ.

ನನ್ನ ಹತ್ತಿರ ಇರೋದು ಸೆಂಟ್ ಇಶ್ಟ್ವಾನ್ ಅನ್ನೋ ಹಡಗು ಮುಳುಗುವ ದೃಶ್ಯದ 16 ಎಂಎಂ ಕಾಪಿ. ನೂರು ಅಡಿ, ಹೆಚ್ಚುಕಮ್ಮಿ 4,000 ಫ್ರೇಮ್. 1918ರ ಜೂನ್ 10ರ ಬೆಳಗ್ಗೆ ಏಡ್ರಿಯಾಟಿಕ್ ಸಮುದ್ರದ ಪ್ರೆಮುಡಾ ದ್ವೀಪದ ಹತ್ತಿರ ಇಟಲಿಯ ಪುಟ್ಟ ಟಾರ್ಪೆಡೊ ದೋಣಿ ಹೊಡೆದು ಮುಳುಗಿಸಿದ ಆಸ್ಟ್ರಿಯಾ-ಹಂಗೇರಿಯ ಯುದ್ಧನೌಕೆ ಅದು. ಜೊತೆಗಿದ್ದ ಟೆಗೆಟ್‌ಹಾಫ್ ಹಡಗಿನಿಂದ ಶೂಟ್ ಮಾಡಿದ್ದು. 89 ಜನ ಸತ್ತರು.

ಇಲ್ಲಿ ಅಲೆಯ ತೂಗಾಟ ಉಳಿಯಬೇಕು, ಫಿಲ್ಮಿನ ಕುಣಿತ ಮಾತ್ರ ಹೋಗಬೇಕು. ಸಾಫ್ಟ್‌ವೇರ್ ಚಿತ್ರದಲ್ಲಿ ಒಂದು ಗುರುತು ಹಿಡಿದು, ಅದು ಕದಲದ ಹಾಗೆ ಪ್ರತಿ ಫ್ರೇಮನ್ನೂ ಸರಿಸುತ್ತೆ. ಅದಕ್ಕೇ ಬಿಟ್ಟರೆ ಹಡಗನ್ನೇ ಹಿಡಿಯುತ್ತೆ. ಆಗ ಹಡಗು ನೆಟ್ಟಗೆ ನಿಂತು ಕಡಲೇ ವಾಲುತ್ತೆ! ಪರ್ಫೊರೇಷನ್, ಅಂದರೆ ಫಿಲ್ಮಿನ ಪಕ್ಕದ ತೂತುಗಳನ್ನು, ಹಿಡಿದೂ ನೋಡಿದೆ. ಅದು 16 ಎಂಎಂ ಪ್ರಿಂಟಿನ ಅಲುಗಾಟ ಅಷ್ಟೇ ತೆಗೀತು, ಈ ಕಾಪಿಗೆ ಮೂಲವಾದ 35 ಎಂಎಂ ಫಿಲ್ಮಿನ ಅಲುಗಾಟ ಹಾಗೇ ಉಳೀತು.

ಕೊನೆಗೆ ಫ್ರೇಮಿನ ಎಡ ಮೂಲೆ ಹಿಡಿದೆ. ಆ ಅಂಚು ಅಂದರೆ ಆವತ್ತಿನ ಕ್ಯಾಮೆರಾ ಗೇಟಿನ (ಫಿಲ್ಮಿಗೆ ಬೆಳಕು ಬೀಳೋ ಕಿಂಡಿಯ) ಅಂಚೇ ಅಲ್ವಾ? ಕ್ಯಾಮೆರಾದೊಳಗೆ ಲೆನ್ಸು, ಗೇಟು ಎರಡೂ ಕದಲಲ್ಲ. ಅದಕ್ಕೆ ಲಾಕ್ ಮಾಡಿದ ಮೇಲೆ ಉಳಿದದ್ದು ಬರೀ ಕಡಲಿನ ತೂಗಾಟ. ಮೂಲೆ ಮಸುಕಾದ ಕಡೆ ಬೇರೆ ಉಪಾಯ ಮಾಡಿದ್ದೇನೆ, ಅದನ್ನು ಸದ್ಯಕ್ಕೆ ಹೇಳಲ್ಲ.

ದುಡ್ಡು ಹೋಗಿದ್ದು ಸ್ಕ್ಯಾನಿಗೆ. ಮೊದಲನೇ ಕಡೆ, ಬೇಡ ಅಂದರೂ ಸ್ಕ್ಯಾನಿನಲ್ಲಿ ಚಿತ್ರದ ಅಂಚು ಬಿಟ್ಟು ಕೊಟ್ಟರು. ಏಳೆಂಟು ಸಾವಿರ ದಂಡ. ಇನ್ನೊಂದು ಕಡೆ ಓವರ್‌ಸ್ಕ್ಯಾನ್, ಅಂದರೆ ಫ್ರೇಮಿನ ಆಚೆಯ ಕಪ್ಪು ಅಂಚೂ ಸೇರಿಸಿ ಸ್ಕ್ಯಾನ್, ಮಾಡಿಸಿದೆ, 12 ಸಾವಿರದ ಹತ್ತಿರ ಆಯಿತು. "ಕಪ್ಪು ಅಂಚಿಗೆ ಇಷ್ಟು ದುಡ್ಡು ಕೊಡ್ತೀರಾ ಸಾರ್?" ಅಂತ ಕೇಳಿದರು. ಕೊಟ್ಟೆ.

ನಡುವೆ ಧೂಳು ತೆಗೆಯೋ ಫಿಲ್ಟರನ್ನೂ ಹಾಕಿ ನೋಡಿದೆ. ಹಡಗು ಮಗುಚುವಾಗ ಅದರ ಪಕ್ಕೆ ಮೇಲಿರುವ ನಾವಿಕರು ಇರುವೆಯಷ್ಟೇ ಕಾಣುತ್ತಾರೆ. ಫಿಲ್ಟರ್ ಅವರನ್ನೇ ಧೂಳು ಅಂದುಕೊಂಡು ಅಳಿಸಿಹಾಕಿತು. ತಕ್ಷಣ ಆಫ್ ಮಾಡಿದೆ. ಅಲ್ಲಿ ಒಂದೊಂದು ಚುಕ್ಕೆಯೂ ಒಬ್ಬ ಮನುಷ್ಯ. ಆ ಶಾಟ್ ಪೂರ್ತಿ ಕೈಯಲ್ಲೇ ಕ್ಲೀನ್ ಮಾಡಿದ್ದು, ಫ್ರೇಮ್ ಫ್ರೇಮಾಗಿ. ಅಷ್ಟು ಚೊಕ್ಕವಾಗಿ ಬೇರೆ ಯಾರೂ ಮಾಡಿದ್ದು ನಾನು ನೋಡಿಲ್ಲ.

ಇನ್ನು ವೇಗ. ಕೈಲಿ ತಿರುಗಿಸೋ ಕ್ಯಾಮೆರಾ, ಸುತ್ತಿಗೆ 8 ಫ್ರೇಮ್, ಸೆಕೆಂಡಿಗೆ ಎರಡು ಸುತ್ತು ಅಂತ ಸೆಕೆಂಡಿಗೆ 16 ಫ್ರೇಮ್ ಇಟ್ಟುಕೊಂಡೆ. ಮಾಮೂಲಿ ಸಿನಿಮಾ ವೇಗವಾದ 24ರಲ್ಲಿ ಓಡಿಸಿದರೆ ಅಷ್ಟು ದೊಡ್ಡ ಹಡಗು ದಡಬಡ ಮಗುಚುತ್ತೆ. ಇಂಟರ್‌ಪೊಲೇಷನ್ ಹಾಕಿದರೆ, ಅಂದರೆ ನಡುವಿನ ಫ್ರೇಮ್‌ಗಳನ್ನು ಸಾಫ್ಟ್‌ವೇರ್‌ನಿಂದಲೇ ಹುಟ್ಟಿಸಿದರೆ, ಜನರ ಕಾಲು ಕರಗಿಹೋಗುತ್ತೆ. ಅದಕ್ಕೇ ಸೆಕೆಂಡಿಗೆ 48 ಫ್ರೇಮಿನ ಟೈಮ್‌ಲೈನಿನಲ್ಲಿ ಪ್ರತಿ ಫ್ರೇಮನ್ನೂ ಮೂರು ಸಲ ಇಟ್ಟೆ. ಈಗ ರೋಲ್ ನಾಲ್ಕು ನಿಮಿಷಕ್ಕಿಂತ ಸ್ವಲ್ಪ ಜಾಸ್ತಿ ಓಡುತ್ತೆ. ಬಣ್ಣ ಹಚ್ಚಿ ಅಂತ ಕೇಳೋರಿದ್ದಾರೆ. ಹಚ್ಚಲ್ಲ.